ಕೆಳಗಿನಿಂದ ಎರಡನೇ ಸಾಲು

ಮಾರ್ಚ್ ೧೧, ಬುಧವಾರ

ಕಣ್ಣು ಉರಿಯುತ್ತಿದೆ. ನಿದ್ದೆ ಮಾತ್ರ ಹತ್ತಿರ ಸುಳಿಯುತ್ತಿಲ್ಲ.

ಬೆಳಿಗ್ಗೆ ನಾವು ಆಸ್ಪತ್ರೆಯವರಿಗೆ ಮಾಡಿಕೊಟ್ಟ ಬುಕಿಂಗ್ ಪುಟ ಕೈಕೊಟ್ಟಿತು. ಕೆಲವು ದಿನಾಂಕಗಳನ್ನು ಒತ್ತಿದರೆ ಪುಟವೆಲ್ಲ ಬಿಳಿ. ದೋಷಗಳನ್ನು ತೋರಿಸುವ ಬ್ರೌಸರಿನ ಕನ್ಸೋಲ್ ತೆರೆದೆ. ಕೆಂಪು ಅಕ್ಷರದ ದೋಷ, ಅದರಡಿ ಸ್ಟ್ಯಾಕ್ ಟ್ರೇಸ್: ಕೋಡಿನ ಯಾವ ತುಣುಕು, ಅಂದರೆ ಫಂಕ್ಷನ್, ಯಾವುದನ್ನು ಕರೆಯಿತು ಎಂಬ ಹನ್ನೊಂದು ಸಾಲು; ಶುರುವಾದದ್ದು ಕೆಳಗೆ, ಮುರಿದುಬಿದ್ದದ್ದು ಮೇಲೆ. ಎಲ್ಲಕ್ಕಿಂತ ಮೇಲಿದ್ದದ್ದು ಪಕ್ಕದ ಮೇಜಿನ ಕನ್ನಡಕದವಳ ಫೈಲು. ನಾನು ಓದಿದ್ದು ಅಷ್ಟೇ. ನನಗೆ ಇಪ್ಪತ್ತು ವರ್ಷದ ಅನುಭವವಂತೆ, ಮಣ್ಣು.

"ದಿನಾಂಕ ಖಾಲಿ ಬಂದ್ರೆ ಏನ್ಮಾಡ್ಬೇಕು ಅಂತ ಒಂದು ಸಾಲು ಬರೆಯೋಕೂ ಆಗ್ಲಿಲ್ವೇನಮ್ಮಾ?" ಎಂದು ಎಲ್ಲರೆದುರು ಕೂಗಾಡಿದೆ.

"ಖಾಲಿ ಬರೋದೇ ಇಲ್ಲ ಅಂತ ನೀವೇ ಹೇಳಿದ್ರಲ್ಲ ಅಕ್ಕಾ," ಎಂದಳು ಮೆಲ್ಲಗೆ.

ಎದುರುತ್ತರ ಕೊಡುತ್ತಾಳೆಂದು ಇನ್ನಷ್ಟು ರೇಗಿದೆ.

ಸಂಜೆ ಎಲ್ಲರೂ ಹೋದ ಮೇಲೆ ಹನ್ನೊಂದೂ ಸಾಲು ಓದಿದೆ. ಕೆಳಗಿನಿಂದ ಎರಡನೆಯದು ನನ್ನದು, ಅವಳು ಕೆಲಸಕ್ಕೆ ಸೇರುವ ಮೊದಲೇ ಬರೆದಿಟ್ಟ ಫಂಕ್ಷನ್. ಆರಿಸಿದ ದಿನ ವೈದ್ಯರಿಗೆ ರಜೆಯಾದರೆ ಅದು ಖಾಲಿ ದಿನಾಂಕವನ್ನೇ ಅವಳ ಫೈಲಿಗೆ ದಾಟಿಸುತ್ತದೆ. ಅದರ ತಲೆಯ ಮೇಲೆ ನನ್ನದೇ ಟಿಪ್ಪಣಿ: 'ಸದ್ಯಕ್ಕೆ ಇರಲಿ, ಆಮೇಲೆ ನೋಡೋಣ.'

ಐದು ನಿಮಿಷದಲ್ಲಿ ಸರಿಮಾಡಿದೆ. ಯಾರಿಗೂ ಹೇಳಲಿಲ್ಲ.

ಮನೆಗೆ ಬರುವಷ್ಟರಲ್ಲಿ ಅವಳ ಮೆಸೇಜು: "ಸಾರಿ ಅಕ್ಕಾ, ನನ್ನದೇ ತಪ್ಪು. ಇನ್ಮೇಲೆ ಹುಷಾರಾಗಿ ಬರೀತೀನಿ."

ಅಲ್ಲ ಕಣೇ, ನಿನ್ನದಲ್ಲ, ನನ್ನದು ಎಂದು ಬರೆಯಲು ಹೊರಟೆ. ಅಳಿಸಿದೆ. ಮತ್ತೆ ಬರೆದೆ, ಮತ್ತೆ ಅಳಿಸಿದೆ. ಸುಸ್ತಾಗಿತ್ತು.

ಕೊನೆಗೆ ಹೆಬ್ಬೆರಳೆತ್ತಿದ ಚಿತ್ರ ಒಂದನ್ನು ಕಳಿಸಿ ಫೋನು ಬೋರಲು ಹಾಕಿದೆ.