ಸೋಮವಾರ ಎದ್ದು ನಿಲ್ಲುವವರು

ಜೂನ್ 4, ಗುರುವಾರ. ಬೆಳಿಗ್ಗೆ 9.15

ಅಮ್ಮನನ್ನು ಲ್ಯಾಬ್‌ಗೆ ಕರೆದೊಯ್ದು, ಮನೆಗೆ ಬಿಟ್ಟು, ಈಗಷ್ಟೇ ಆಫೀಸು. ಸೂಜಿ ಚುಚ್ಚುತ್ತಿದ್ದ ನರ್ಸ್‌ಗೆ ಮದುವೆಯಾಗಿದೆಯೇ ಎಂದು ವಿಚಾರಿಸಿದಳು. ಎಪ್ಪತ್ತಾರಾದರೂ ಬಾಯಿಗೆ ಬೀಗವಿಲ್ಲ. ಕಳೆದ ಸಲ ಕಿಡ್ನಿಯ ನಂಬರ್ ಸ್ವಲ್ಪ ಏರಿತ್ತು. ಅದೊಂದೇ ಚಿಂತೆ. ರಿಪೋರ್ಟ್ ಮಧ್ಯಾಹ್ನ ಮೇಲ್‌ನಲ್ಲಿ ಬರುತ್ತದಂತೆ.

ಲಿಫ್ಟ್ ಮತ್ತೆ ಕೆಟ್ಟಿದೆ. ಮೂರು ಮಹಡಿ, ಏದುಸಿರು. ಆದರೂ ಬಾಗಿಲು ತೆಗೆದು ಇಪ್ಪತ್ತೆರಡು ಜನರ ಗಲಾಟೆ ಕೇಳಿದರೆ ಖುಷಿ. ಹನ್ನೊಂದು ವರ್ಷದ ಹಿಂದೆ ಇದ್ದದ್ದು ಎರಡು ಮೇಜು, ನಾನು. ಬೇರೆಯವರ ಕಂಪ್ಯೂಟರುಗಳಿಗೆ ಕಳ್ಳರು ನುಗ್ಗದಂತೆ ಕಾಯುವುದು ನಮ್ಮ ಕೆಲಸ. “ಕಣ್ಣಿಗೆ ಕಾಣದ ಕಳ್ಳನಿಗೆ ಕಾವಲು” ಎಂದು ಅಮ್ಮ ನಗುತ್ತಾಳೆ.

ಸೋಮವಾರ ದೊಡ್ಡಾಸ್ಪತ್ರೆಯವರು ಬರುತ್ತಾರೆ. ಇನ್ನು ಮೂರು ವರ್ಷ ತಮ್ಮ ಕಾವಲು ನಮಗೇ ಕೊಡುವುದೋ ಬೇಡವೋ, ನಮ್ಮ ವಾರದ ಮೀಟಿಂಗ್‌ನಲ್ಲಿ ಕೂತು ನೋಡಿ ನಿರ್ಧರಿಸುತ್ತಾರಂತೆ. ನಮ್ಮ ಮುಕ್ಕಾಲು ಕೆಲಸ ಅವರದ್ದೇ.

ಅದೇ ದಿನ, 2.40

ಥೂ. ಥೂ. ಥೂ.

ಲ್ಯಾಬ್ ಮೇಲ್ ಬಂತು. “ನಿಮ್ಮ ತಾಯಿಯವರ ವರದಿಯಲ್ಲಿ ತುರ್ತಾಗಿ ಗಮನಿಸಬೇಕಾದ ಅಂಶವಿದೆ.” ಕಿಡ್ನಿಯೇ ಇರಬೇಕು ಎಂದುಕೊಂಡೆ. ಕೆಳಗಿದ್ದ ಲಿಂಕ್ ಒತ್ತಿದೆ. ಪಾಸ್‌ವರ್ಡ್ ಕೇಳಿತು... ಕೊಟ್ಟೆ! ಪರದೆ ತುಂಬ ದೊಡ್ಡ ಮೀನಿನ ಚಿತ್ರ. “ಸಿಕ್ಕಿಬಿದ್ದಿರಿ.”

ನಮ್ಮದೇ ಮೀನು. ಮೂರು ತಿಂಗಳಿಗೊಮ್ಮೆ ನಮ್ಮವರಿಗೇ ಕಳ್ಳ ಮೇಲ್ ಕಳಿಸಿ ಪರೀಕ್ಷೆ ಮಾಡುತ್ತೇವೆ. ಕಳಿಸುವ ಕೆಲಸದವಳಿಗೆ ಆಫೀಸಿನಲ್ಲಿ ‘ಗಾಳ’ ಎಂದೇ ಹೆಸರು. ಆದರೆ ಈ ಮೇಲ್ ಬರೆದದ್ದು ಅವಳಲ್ಲ. ಏಪ್ರಿಲ್‌ನಲ್ಲಿ, ಇದೇ ಕುರ್ಚಿಯಲ್ಲಿ ಕೂತು, ನಾನೇ. ‘ತುರ್ತಾಗಿ’ ಎನ್ನುವ ಪದವನ್ನು ಆಮೇಲೆ ಸೇರಿಸಿ, ಭಲೇ ಎಂದುಕೊಂಡಿದ್ದೂ ನೆನಪಿದೆ. ತಾನು ತೋಡಿದ ಗುಂಡಿಗೆ ತಾನೇ ಬೀಳುವುದೆಂದರೆ ಇದು.

ಮೋಸಹೋದವರು ಒಂದು ಗಂಟೆಯೊಳಗೆ ಬಂದು ಹೇಳಬೇಕು, ಸೋಮವಾರದ ಮೀಟಿಂಗ್‌ನಲ್ಲಿ ಎದ್ದು ನಿಂತು ಹೇಗೆ ಮೋಸಹೋದೆ ಎಂದು ವಿವರಿಸಬೇಕು. ಯಾರೂ ಬೈಯುವಂತಿಲ್ಲ. ಈ ನಿಯಮವೂ ನನ್ನದೇ. ನನ್ನ ಮೊದಲ ಕೆಲಸದಲ್ಲಿ ಸ್ಟೋರ್ ನೋಡಿಕೊಳ್ಳುತ್ತಿದ್ದವರೊಬ್ಬರು ಹೀಗೇ ಒತ್ತಿಬಿಟ್ಟು, ಸಾಹೇಬರಿಗೆ ಹೆದರಿ ಬಾಯಿ ಬಿಡಲಿಲ್ಲ. ಗೊತ್ತಾಗುವಷ್ಟರಲ್ಲಿ ಕಳ್ಳರು ಎಲ್ಲ ಗುಡಿಸಿಕೊಂಡು ಹೋಗಿದ್ದರು. ಅವರ ಕೆಲಸವೂ ಹೋಯಿತು. ಒಳ್ಳೆಯ ಮನುಷ್ಯ. ಭಯವೇ ಅವರನ್ನು ಕೆಡಿಸಿತು.

3.30

ಗಾಳ ಒಳಗೆ ಬಂದು ಬಾಗಿಲು ಮುಚ್ಚಿದಳು.

“ಮೇಡಂ, ಈ ಸಲ ಸಿಕ್ಕಿಬಿದ್ದವ್ರ ಲಿಸ್ಟಲ್ಲಿ ಒಂದೇ ಹೆಸರು, ನಿಮ್ದು. ಅಳಿಸಿಬಿಡ್ಲಾ?”

“ಯಾಕೆ?”

“ಸೋಮವಾರ ಆಸ್ಪತ್ರೆಯವ್ರು ಎದುರಿಗೇ ಕೂತಿರ್ತಾರೆ. ಕಾವಲುಗಾರರ ಮನೆಗೇ ಕನ್ನ ಅಂದ್ರೆ ಯಾರು ನಂಬ್ತಾರೆ? ನಾನಂತೂ ಯಾರಿಗೂ ಹೇಳಲ್ಲ.”

“ಯೋಚ್ನೆ ಮಾಡ್ತೀನಿ” ಎಂದೆ. ಬೇಡ ಎನ್ನಲಿಲ್ಲ. ನಾಚಿಕೆಯಾಗುತ್ತಿದೆ... ಒಂದು ಗಂಟೆ ಮುಗಿಯುತ್ತಾ ಬಂತು.

ಜೂನ್ 7, ಭಾನುವಾರ

ನಿಜವಾದ ರಿಪೋರ್ಟ್ ಮೊನ್ನೆಯೇ ಬಂದಿದೆ. ಎಲ್ಲ ಸರಿ ಇದೆ. ಜೀವ ಬಂದ ಹಾಗಾಯಿತು.

ಇವತ್ತು ಬಟಾಣಿ ಬಿಡಿಸುತ್ತಾ ಅಮ್ಮನಿಗೆ ಎಲ್ಲ ಹೇಳಿದೆ. ಕಣ್ಣಲ್ಲಿ ನೀರು ಬರುವಷ್ಟು ನಕ್ಕಳು. “ನನ್ ಕಿಡ್ನಿ ನಿನ್ನೇ ಹಿಡ್ಕೊಡ್ತಲ್ಲೇ!”

ಆಮೇಲೆ ಬಟಾಣಿ ಬುಟ್ಟಿ ಪಕ್ಕಕ್ಕಿಟ್ಟಳು. “ಹೇಳ್ಬಿಡೇ. ಹೋದ್ರೆ ಆಸ್ಪತ್ರೆ ಕೆಲಸ ಹೋಗ್ಲಿ. ಮುಚ್ಚಿಟ್ರೆ ಪಾಪ ಆ ಹುಡುಗೀನೂ ನಿನ್ ಸುಳ್ಳು ಹೊತ್ಕೊಂಡು ತಿರುಗ್ಬೇಕು.”

ಅದು ನನಗೆ ಹೊಳೆದಿರಲಿಲ್ಲ.

ಜೂನ್ 8, ಸೋಮವಾರ. 1.15

ಎದ್ದು ನಿಂತೆ. ಎದುರಿಗೆ ಆಸ್ಪತ್ರೆಯ ಕಂಪ್ಯೂಟರ್ ವಿಭಾಗದ ಮುಖ್ಯಸ್ಥರು, ಕೈಯಲ್ಲಿ ನೋಟ್‌ಬುಕ್. ಒತ್ತಿದ್ದು, ಪಾಸ್‌ವರ್ಡ್ ಕೊಟ್ಟಿದ್ದು, ನಾಲ್ಕು ದಿನ ಬಾಯಿ ಮುಚ್ಚಿಕೊಂಡಿದ್ದು, ಎಲ್ಲ ಹೇಳಿದೆ. ಅಳಿಸಬೇಡ ಎಂದು ಬೆಳಿಗ್ಗೆಯೇ ಗಾಳಕ್ಕೆ ತಿಳಿಸಿದ್ದೆ.

ಮೊದಲು ಬಾಯಿ ತೆರೆದವರು ನಮ್ಮ ಅಕೌಂಟೆಂಟ್, “ಅದಿರ್ಲಿ ಮೇಡಂ, ಅಮ್ಮನ ರಿಪೋರ್ಟ್ ಏನಾಯ್ತು?”

ಎಲ್ಲರೂ ಗೊಳ್ಳೆಂದರು. ಚಪ್ಪಾಳೆ. ಮುಖ್ಯಸ್ಥರು ಮಾತ್ರ ತಟ್ಟಲಿಲ್ಲ. ಏನೋ ಬರೆದುಕೊಂಡರು. “ತಿಳಿಸ್ತೀವಿ” ಎಂದಷ್ಟೇ ಹೇಳಿ ಊಟಕ್ಕೂ ನಿಲ್ಲದೆ ಹೊರಟರು.

ಹೋಯಿತು ಅನ್ನಿಸುತ್ತೆ. ಹೊಟ್ಟೆ ಉರಿಯಬೇಕಿತ್ತು. ಉರಿಯುತ್ತಿಲ್ಲ. ಹಸಿಯುತ್ತಿದೆ.

ಜೂನ್ 19

ಆಸ್ಪತ್ರೆಯಿಂದ ಸದ್ದಿಲ್ಲ. ಆಫೀಸಿಗೆ ಬೇರೆ ಗಿರಾಕಿಗಳನ್ನು ಹುಡುಕಲು ಶುರು ಮಾಡಿದ್ದೇನೆ. ಯಾರನ್ನೂ ಮನೆಗೆ ಕಳಿಸುವುದಿಲ್ಲ, ಅದಂತೂ ಖಂಡಿತ.

ಒಂದು ತಮಾಷೆ. ಈ ವಾರ ಮೂವರು ತಾವಾಗೇ ಬಂದು ತಪ್ಪೊಪ್ಪಿಕೊಂಡರು. ಅಕೌಂಟೆಂಟ್ ಪಾಸ್‌ವರ್ಡನ್ನು ಚೀಟಿಯಲ್ಲಿ ಬರೆದು ಕನ್ನಡಕದ ಡಬ್ಬಿಯಲ್ಲಿ ಇಟ್ಟಿದ್ದರಂತೆ, ಆರು ವರ್ಷದಿಂದ! ನಗು ತಡೆಯಲಾಗಲಿಲ್ಲ.

ಜೂನ್ 23, ಬೆಳಿಗ್ಗೆ 10.20

ಮುಖ್ಯಸ್ಥರ ಫೋನ್. ದನಿಯಲ್ಲಿ ಗಾಬರಿ.

“ಮೇಡಂ, ನಮ್ ರಿಸೆಪ್ಷನ್ನಿನವ್ರೊಬ್ರು ಒಂದು ಕಳ್ಳ ಮೇಲ್ ಒತ್ಬಿಟ್ಟಿದಾರೆ. ಇದು ಪರೀಕ್ಷೆ ಅಲ್ಲ, ನಿಜವಾದ್ದು. ಆದ್ರೆ ಐದೇ ನಿಮಿಷಕ್ಕೆ ತಾವೇ ಓಡ್ಬಂದು ಹೇಳಿದ್ರು. ಆ ಕಂಪ್ಯೂಟರ್‌ನ ನೆಟ್‌ವರ್ಕಿಂದ ಕಿತ್ತಿಟ್ಟಿದೀವಿ. ನಿಮ್ ಕಥೆ ನಾನು ಇಲ್ಲಿ ಎಲ್ರಿಗೂ ಹೇಳಿದ್ದೆ... ಬರ್ತೀರಾ?”

ಐದು ನಿಮಿಷ! ಎಲ್ಲ ಉಳಿಸಬಹುದು.

“ಬಂದೆ. ಮೊದ್ಲು ಅವ್ರ ಕೈಗೆ ಫೋನ್ ಕೊಡಿ” ಎಂದೆ.

ಅಳುತ್ತಿದ್ದಳು. ಕೆಲಸ ಹೋಗುತ್ತೆ ಅಂತ. ನೀವು ಮಾಡಿದ್ದೇ ಸರಿ ಎಂದೆ, ಎರಡು ಸಲ. ಮೂಗು ಒರೆಸಿಕೊಂಡ ಸದ್ದು. ಆಮೇಲೆ ಮೆಲ್ಲಗೆ, “ನೀವೇನಾ ಮೇಡಂ... ಆ ಎದ್ದು ನಿಂತವ್ರು?”

ಹೌದು, ನಾನೇ ಎಂದೆ. ಗಾಳ ಆಗಲೇ ಬ್ಯಾಗ್ ಹಿಡಿದು ಮೆಟ್ಟಿಲ ಹತ್ತಿರ ಕೂಗುತ್ತಿದ್ದಾಳೆ, ಉಳಿದದ್ದು ಬಂದ ಮೇಲೆ —