ನಾಲ್ಕು ತಿಂಗಳು ಕಡಿಮೆ

ಜನವರಿ 11, 2025. ಶನಿವಾರ. ಸಿಡ್ನಿಯ ಲಿವರ್‌ಪೂಲ್, ಲ್ಯಾಬ್. ಸಂಜೆ ಶಿಫ್ಟಿನ ಬಿಡುವು

ಮಗಳಿಗೆ ಮತ್ತೆ ಬೆಂಚು. ಎಪ್ಪತ್ತೆಂಟನೆಯ ನಿಮಿಷಕ್ಕೆ ಮೈದಾನಕ್ಕೆ ಇಳಿಸಿದರು. ಫೋನನ್ನು ಸ್ಲೈಡ್ ಡಬ್ಬಿಗೆ ಒರಗಿಸಿ ನೋಡಿದೆ. ಚೆಂಡು ಕಾಲಿಗೆ ಸಿಕ್ಕಿದ್ದು ನಾಲ್ಕೇ ಸಲ. ನಾಲ್ಕನೆಯದು ಎಡಗಾಲಿನ ಹೊಡೆತ, ಚೆನ್ನಾಗಿತ್ತು — ನೇರ ಗೋಲ್‌ಕೀಪರ್ ಕೈಗೆ.

ಸೋತರು. ಮೆಸೇಜ್ ಹಾಕಿದೆ. "ಫೈನ್ ಅವ್ವಾ." ಅಷ್ಟೇ ಉತ್ತರ. ಇಪ್ಪತ್ತೆರಡು ವರ್ಷದ ಮಗಳ "ಫೈನ್" ಒಳಗೆ ಏನಿದೆಯೋ, ನನ್ನ ಯಾವ ಮೈಕ್ರೋಸ್ಕೋಪಿಗೂ ಕಾಣುವುದಿಲ್ಲ.

ಶಾಂಭವಿ ಮೆಲ್ಬರ್ನಿಗೆ ಹೋಗಿ ಇದು ಎರಡನೆಯ ಸೀಸನ್. ಹೋದ ವರ್ಷ ಏಳು ಗೋಲು. ಈ ವರ್ಷ ಒಂದೂ ಇಲ್ಲ. ಫಾರ್ವರ್ಡ್ ಗೋಲು ಹೊಡೆಯದಿದ್ದರೆ ಮತ್ತೇನು ಮಾಡಬೇಕು...

ನಿಂತಲ್ಲಿ ನಿಲ್ಲಲಾಗುತ್ತಿಲ್ಲ. ಒಂದೇ ಕಲ್ಚರ್ ಪ್ಲೇಟನ್ನು ಮೂರು ಸಲ ತೆಗೆದು ನೋಡಿದೆ. ಪಕ್ಕದವಳು "ಯೂ ಓಕೆ, ಶ್ವೇತಾ?" ಅಂದಳು. ಫೈನ್ ಅಂದೆ.

ಜನವರಿ 19, ಭಾನುವಾರ. ಗಿರಾವೀನ್, ಮನೆ

ಬೆಳಿಗ್ಗೆ ಗೌರಕ್ಕನ ಫೋನು. ಮೆಲ್ಬರ್ನಿನ ವಿಂಡಮ್ ವೇಲ್‌ನಲ್ಲಿ ಶಾಂಭವಿ ಇರುವುದು ಅವರ ಮನೆಯ ಹಿಂದಿನ ಕೋಣೆಯಲ್ಲಿ. ಬೆಳಗಾವಿಯವರು, ತಾಯಿಯಂತೆ ನೋಡಿಕೊಳ್ಳುತ್ತಾರೆ. ಅವಳ ಊಟ, ಮೊಣಕಾಲು, ಸಿಟ್ಟು — ಎಲ್ಲದರ ಸುದ್ದಿ ನನಗೆ ಅವರಿಂದಲೇ.

"ಕೌನ್ಸಿಲ್‌ದಿಂದ ಪತ್ರ ಬಂದೈತಿ ನೋಡವಾ. ಸಿಟಿಜನ್‌ಶಿಪ್ ಸೆರೆಮನಿ, ಮಾರ್ಚ್ ಹದಿನಾಲ್ಕಕ್ಕ. ಅಕಿ ಓದಿದ್ಲು, ಫ್ರಿಜ್ ಮ್ಯಾಲೆ ಇಟ್ಲು, ಓಡಾಕ ಹೋದ್ಲು. ಒಂದ್ ಮಾತಾಡ್ಲಿಲ್ಲ."

ಅರ್ಜಿ ಹಾಕಿಸಿದ್ದು ನಾನೇ, ಬೆನ್ನು ಹತ್ತಿ. ನಾವು ಗಂಡ-ಹೆಂಡತಿ ಎಂದೋ ಇಲ್ಲಿಯ ಪೌರರಾದೆವು. ಅವಳದು ಮಾತ್ರ ಇನ್ನೂ ಡಚ್ ಪಾಸ್‌ಪೋರ್ಟ್. ಪೌರತ್ವ ಸಿಕ್ಕರೆ ಆಸ್ಟ್ರೇಲಿಯಾದ ಅಂಡರ್-23 ಕ್ಯಾಂಪಿಗೆ ಕರೆಯಬಹುದು ಎಂದು ಕೋಚ್ ಒಬ್ಬರು ಹೇಳಿದ್ದರು. ಆದರೆ ಇಲ್ಲಿ ಪ್ರಮಾಣ ಮಾಡಿದ ಕ್ಷಣಕ್ಕೆ ಡಚ್ ಪೌರತ್ವ ಹೋಗುತ್ತದೆ. ಅದರ ಜೊತೆ ಹಾಲೆಂಡ್ ತಂಡದ ಆ ಕಿತ್ತಳೆ ಜರ್ಸಿಯ ಆಸೆಯೂ.

ಹದಿನೆಂಟು ತುಂಬುವ ಮೊದಲು ಐದು ವರ್ಷ ಬಿಡದೆ ಇಲ್ಲಿ ಇದ್ದಿದ್ದರೆ ಎರಡೂ ಪೌರತ್ವ ಉಳಿಯುತ್ತಿದ್ದವಂತೆ. ವಕೀಲೆ ಬೆರಳು ಮಡಚಿ ಲೆಕ್ಕ ಹಾಕಿದಳು. ನಾಲ್ಕು ತಿಂಗಳು ಕಡಿಮೆ.

ಹಾಲೆಂಡಿನಿಂದ ಇಲ್ಲಿಗೆ ಮೊದಲು ಟಿಕೆಟ್ ಬುಕ್ ಮಾಡಿದ್ದು 2015ರ ಅಕ್ಟೋಬರಿಗೆ. ಆಗಲೇ ಬಂದಿದ್ದರೆ ಸಾಕಾಗುತ್ತಿತ್ತು. ಇವಳು ಜಿಲ್ಲಾ ತಂಡಕ್ಕೆ ಆಯ್ಕೆಯಾಗಿದ್ದಳು. ಚಳಿಗಾಲದ ಟೂರ್ನಮೆಂಟ್ ಮುಗಿಯಲಿ ಎಂದು ಮೂರು ದಿನ ಅತ್ತಳು. ಮಾರ್ಚಿಗೆ ಮುಂದೂಡಿದೆವು. ಅವಳಿಗಾಗಿ ಕಾದ ಐದು ತಿಂಗಳೇ ಈಗ ಅವಳ ಕಾಲಿಗೆ ಸುತ್ತಿಕೊಂಡಿದೆ.

ಜನವರಿ 27, ಸೋಮವಾರ. ರಜೆ

ಕಪಾಟು ಸ್ವಚ್ಛ ಮಾಡಲು ಹೋಗಿ ಹಳೆಯ ಫೋಟೋ ಹಿಡಿದು ಕೂತೆ. ಹಾಲೆಂಡಿನ ಐಂಡ್‌ಹೋವನ್. ಮೈದಾನದ ಅಂಚಿನಲ್ಲಿ ನಾನು — ಉದ್ದ ಕೋಟು, ಕಿವಿ ಮುಚ್ಚುವ ಟೋಪಿ, ಕೈಯಲ್ಲಿ ಲೈನ್ಸ್‌ಮನ್ ಬಾವುಟ.

ಅಲ್ಲಿಯ ಕ್ಲಬ್ಬಿನಲ್ಲಿ ಮಕ್ಕಳ ಪಂದ್ಯಕ್ಕೆ ಅಪ್ಪ-ಅಮ್ಮಂದಿರೇ ಸರದಿಯಂತೆ ಬಾವುಟ ಹಿಡಿಯಬೇಕು. ವಿಜಯನಿಗೆ ಶನಿವಾರವೂ ಕೆಲಸ. (ಗಂಡನ ಹೆಸರು ಹಿಡಿದು ಬರೆಯುವುದು ಈ ಡೈರಿಯಲ್ಲಿ ಮಾತ್ರ.) ಹಾಗಾಗಿ ನಾನು. ಧಾರವಾಡದಲ್ಲಿ ಎಂ.ಎಸ್ಸಿ. ಮುಗಿಸಿದವಳು ಆಫ್‌ಸೈಡ್ ಕಲಿತದ್ದು ಅಡಿಗೆಮನೆಯ ಕಟ್ಟೆಯ ಮೇಲೆ, ಸಾಸಿವೆ ಡಬ್ಬಿ ಜೀರಿಗೆ ಡಬ್ಬಿ ಇಟ್ಟುಕೊಂಡು. ಕಲಿಸಿದ್ದು ಒಂಬತ್ತು ವರ್ಷದ ಶಾಂಭವಿ. "ಇಲ್ಲ ಅವ್ವಾ, ಪಾಸ್ ಕೊಟ್ಟಾಗ ನೋಡ್ಬೇಕು. ಮುಟ್ಟಿದಾಗ ಅಲ್ಲ!"

ಹುಡುಗರ ತಂಡದಲ್ಲಿ ಅವಳೊಬ್ಬಳೇ ಹುಡುಗಿ. ಆರು ವರ್ಷಕ್ಕೆ ಸೇರಿದ್ದು. ಮೊದಮೊದಲು ಯಾರೂ ಪಾಸ್ ಕೊಡುತ್ತಿರಲಿಲ್ಲ. ಇವಳು ಕೇಳಲೂ ಇಲ್ಲ — ಕಿತ್ತುಕೊಂಡಳು. ಎದುರಿನವರಿಂದಲ್ಲ, ತನ್ನ ತಂಡದವರಿಂದಲೇ!

ಒಂದು ಸಲ ಕೊನೆಯ ನಿಮಿಷ, ಪಂದ್ಯ ಸಮ. ಗೋಲು ಹೊಡೆದಳು. ಎಲ್ಲರೂ ಕುಣಿದರು. ನನ್ನ ಬಾವುಟ ಮೇಲೆ, ಗೋಲು ರದ್ದು. ಒಂದು ಹೆಜ್ಜೆ ಮುಂದಿದ್ದಳು, ಕಣ್ಣಾರೆ ಕಂಡಿದ್ದೆ. ಕಾರಿನಲ್ಲಿ ಮನೆಯವರೆಗೆ ಮಾತಿಲ್ಲ. ಬಾಗಿಲ ಹತ್ತಿರ ಬಂದು, "ಆಫ್‌ಸೈಡೇ ಇತ್ತು," ಅಂದಳು. ಅಂದಿಗೆ ಅವಳಿಗೆ ಹತ್ತು.

ಸುಳ್ಳು ಹೇಳಲು ಬಾರದ ಮಗು. ಅಂಥವಳಿಗೆ ನಾವು...

ಬೇಡ. ಕಪಾಟು ಅರ್ಧಕ್ಕೇ ನಿಂತಿದೆ.

ಫೆಬ್ರವರಿ 9, ಭಾನುವಾರ

ನಿನ್ನೆ ಅವರ ತಂಡ ಸಿಡ್ನಿಗೆ ಬಂದಿತ್ತು. ಇಪ್ಪತ್ತು ನಿಮಿಷ ಆಡಿದಳು. ಒಂದು ಚೆಂಡು ಕಂಬಕ್ಕೆ ಬಡಿದು ಹೊರಗೆ. ಇಂದು ಊಟಕ್ಕೆ ಮನೆಗೆ ಬಂದಳು, ಸಂಜೆಯ ಫ್ಲೈಟ್. ಜೋಳದ ರೊಟ್ಟಿ, ಎಣ್ಣೆಗಾಯಿ ಮಾಡಿದ್ದೆ. ಒಂದೇ ರೊಟ್ಟಿ ತಿಂದಳು.

ಅಂಡರ್-23 ಕೋಚ್ ಮತ್ತೆ ಫೋನ್ ಮಾಡಿದ್ದರಂತೆ. ಸೆರೆಮನಿ ಮುಗಿದರೆ ಏಪ್ರಿಲ್ ಕ್ಯಾಂಪಿಗೆ ಹೆಸರು ಸೇರಿಸುತ್ತಾರಂತೆ. ಹಾಲೆಂಡಿಗೆ ಇವಳೇ ವಿಡಿಯೋ ಕಳಿಸಿದ್ದಳು. "ನೋಡುತ್ತಿದ್ದೇವೆ, ಮಾತು ಕೊಡಲಾರೆವು" ಎಂದು ಉತ್ತರ.

"ಗಟ್ಟಿ ಇದ್ದದ್ದು ಹಿಡಿ," ವಿಜಯ ಅಂದರು. "ಅಲ್ಲಿಂದ ಬರೇ ಇ-ಮೇಲ್ ಬಂದದ."

ಶಾಂಭವಿ ತಟ್ಟೆ ಸರಿಸಿದಳು.

"ಪಪ್ಪಾ, ಐ ವಾಸ್ ದೇರ್. ಡಿಸ್ಟ್ರಿಕ್ಟ್ ಟೀಮ್‌ನಲ್ಲಿ ಇದ್ದೆ. ನನ್ನ ಜೊತೆ ಆಡ್ತಿದ್ದ ಇಬ್ಬರು ಈಗ ನ್ಯಾಷನಲ್ ಟೀಮ್. ನಿಮ್ಮ ಕಂಪನಿ ಟ್ರಾನ್ಸ್‌ಫರ್ ಅಂತ ನನ್ನ ಲೈಫ್ ಎತ್ತಿಕೊಂಡು ಬಂದ್ರಿ. ಈಗ ಗಟ್ಟಿ ಇದ್ದದ್ದು ಹಿಡಿ ಅಂತೀರಿ. ಯಾವುದು ಗಟ್ಟಿ?"

ವಿಜಯ ಮಜ್ಜಿಗೆ ಕುಡಿದು ಎದ್ದರು. ಕೈ ತೊಳೆಯುವಾಗ ನಲ್ಲಿ ಬಹಳ ಹೊತ್ತು ಹರಿಯಿತು.

ನಾನು ರೊಟ್ಟಿ ಹಾಕಲೇ ಎಂದು ಕೇಳಿದೆ. ನಾಚಿಕೆಯಾಗುತ್ತಿದೆ, ಬರೆಯಲಿಕ್ಕೂ.

ಕಂಪನಿಯ ಟ್ರಾನ್ಸ್‌ಫರ್ ಇರಲಿಲ್ಲ. ಯಾವ ಕಂಪನಿಯೂ ಇವರನ್ನು ಕಳಿಸಲಿಲ್ಲ.

ಮಾರ್ಚ್ 12, ಬುಧವಾರ. ವಿಂಡಮ್ ವೇಲ್

ಮೂರು ದಿನ ರಜೆ ಹಾಕಿ ಬಂದೆ. ಸೆರೆಮನಿಗೆ ಎಂದು ನೆಪ. ವಿಜಯ ಏರ್‌ಪೋರ್ಟಿಗೆ ಬಿಡುವಾಗ, "ಹಳೇದೆಲ್ಲಾ ಕೆದರಬ್ಯಾಡ," ಅಂದರು. ಮುಖ ನೋಡಿಯೇ ಗೊತ್ತಾಗಿದೆ ಇವರಿಗೆ.

ಇಲ್ಲಿ ಎಲ್ಲ ಹೊಸ ಮನೆಗಳು, ಎಲ್ಲವೂ ಒಂದೇ ಬಣ್ಣ. ಎರಡು ಸಲ ತಪ್ಪು ಬಾಗಿಲು ತಟ್ಟಿದೆ. ಗೌರಕ್ಕ ನಕ್ಕರು. ಶಾಂಭವಿ ನಗಲಿಲ್ಲ. ಊಟಕ್ಕೆ ಕೂತಾಗಲೂ ಮೇಜಿನ ಕೆಳಗೆ ಅವಳ ಕಾಲು ಕುಣಿಯುತ್ತಲೇ ಇರುತ್ತದೆ.

ಇವತ್ತೇ ಹೇಳಬೇಕೆಂದಿದ್ದೆ. ಆಗಲಿಲ್ಲ.

ಮಾರ್ಚ್ 13, ಗುರುವಾರ. ಮಧ್ಯಾಹ್ನ

ಹೇಳಿದೆ.

ಟ್ರೇನಿಂಗ್ ಮುಗಿಸಿ ಬಂದು ಹಿತ್ತಲಲ್ಲಿ ಶೂ ತೊಳೆಯುತ್ತಿದ್ದಳು. ಪಕ್ಕದಲ್ಲಿ ಕುಳಿತೆ.

"ಶಾಂಭವಿ, ಪಪ್ಪಾಗ ಟ್ರಾನ್ಸ್‌ಫರ್ ಆಗಿರಲಿಲ್ಲ. ಕೆಲಸ ಬಂದಿದ್ದು ನನಗ. ಈ ಲಿವರ್‌ಪೂಲ್ ಲ್ಯಾಬಿಂದು. ನಾನ ಅರ್ಜಿ ಹಾಕಿದ್ದೆ, ಯಾರಿಗೂ ಹೇಳದ. ಪಪ್ಪಾ ತಮ್ಮ ಕೆಲಸ ಬಿಟ್ಟು ನನ್ನ ಹಿಂದ ಬಂದ್ರು. ಇಲ್ಲಿ ಎಂಟ್ ತಿಂಗಳು ಖಾಲಿ ಕುಂತ್ರು."

ಬ್ರಷ್ ನಿಂತಿತು.

"ಮತ್ತೆ ಟ್ರಾನ್ಸ್‌ಫರ್ ಅಂತ..."

"ನೀ ಭಾಳ ಅಳತಿದ್ದಿ. ಅವ್ವನ ಮ್ಯಾಲೆ ಸಿಟ್ಟಾಗೂದು ಬ್ಯಾಡ, ನನ್ನ ಮ್ಯಾಲೆ ಆಗಲಿ ಅಂದ್ರು. ನಾ ಸುಮ್ಮನ ಒಪ್ಪಿಕೊಂಡೆ."

"ನೈನ್ ಇಯರ್ಸ್, ಅವ್ವಾ?"

"ಹೌದು."

"ಯಾಕೆ? ಯಾಕೆ ಬರಬೇಕಿತ್ತು?"

ಇದನ್ನು ಎಷ್ಟೋ ಸಲ ಮನಸ್ಸಿನಲ್ಲಿ ಹೇಳಿ ನೋಡಿದ್ದೆ. ಬಾಯಿಗೆ ಬಂದದ್ದು ಬೇರೆ. ಹದಿನಾಲ್ಕು ವರ್ಷ ಆ ಊರಲ್ಲಿ ನಾನು ಮಾಡಿದ ಕೆಲಸ ಏನು ಗೊತ್ತೇ ಎಂದೆ. ಶಾಲೆಯಲ್ಲಿ ಊಟದ ಹೊತ್ತಿಗೆ ಮಕ್ಕಳನ್ನು ನೋಡಿಕೊಳ್ಳುವುದು. ನನ್ನ ಎಂ.ಎಸ್ಸಿ. ಸರ್ಟಿಫಿಕೇಟು ಪೆಟ್ಟಿಗೆಯ ತಳದಲ್ಲಿ. ನಿನ್ನ ಪ್ರತಿ ಪಂದ್ಯಕ್ಕೂ ಬಂದೆ, ಸಂತೋಷದಿಂದಲೇ ಬಂದೆ. ಆದರೆ ಗೆರೆಯ ಹೊರಗೆ ನಿಂತು ನಿಂತು ಸಾಕಾಗಿತ್ತು. ಒಂದು ಸಲವಾದರೂ ಒಳಗೆ ಇಳಿಯಬೇಕಿತ್ತು ನನಗೆ.

"ತಪ್ಪಾತು ಅಂತ ಹೇಳಾಕ ಬಂದೀನಿ," ಅಂದೆ. "ಸುಳ್ಳಿಗೆ. ಬಂದಿದ್ದಕ್ಕ ತಪ್ಪಾತು ಅನ್ನಾಕ ಬಾಯಿ ಬರವಲ್ದು."

ಅವಳು ಶೂ ಅಲ್ಲೇ ಬಿಟ್ಟಳು. ಬರಿಗಾಲಲ್ಲಿ ಗೇಟು ದಾಟಿ ಹೋದಳು.

ಸಂಜೆ 6

ಇನ್ನೂ ಬಂದಿಲ್ಲ. ಗೌರಕ್ಕ ಕಾರು ತೆಗೆದುಕೊಂಡು ಹುಡುಕಲು ಹೋಗಿದ್ದಾರೆ. ಶೂ ನಾನೇ ತೊಳೆದೆ. ಒಣಗಲು ಇಟ್ಟೆ. ತಿರುಗಿಸಿ ಇಟ್ಟೆ. ಮತ್ತೆ ತಿರುಗಿಸಿ—

ಬಂದಳು. ಕೆರೆಯ ಹತ್ತಿರ ಇದ್ದಳಂತೆ. ನನ್ನ ಜೊತೆ ಮಾತಿಲ್ಲ. ಕೋಣೆಯ ಬಾಗಿಲು ಹಾಕಿಕೊಂಡು ಅವಳ ಅಪ್ಪನಿಗೆ ಫೋನ್ ಮಾಡಿದಳು. ಬಹಳ ಹೊತ್ತು. ಒಂದು ಸಲ ಅಳು ಕೇಳಿಸಿತು. ಅವಳದೋ, ಸ್ಪೀಕರಿನಲ್ಲಿ ಇವರದೋ, ತಿಳಿಯಲಿಲ್ಲ.

ಮಾರ್ಚ್ 14, ಶುಕ್ರವಾರ

ಬೆಳಿಗ್ಗೆ ಇಸ್ತ್ರಿ ಮಾಡಿದ ಬಿಳಿ ಶರ್ಟು ಹಾಕಿ ತಯಾರಾಗಿದ್ದಳು. ಕೌನ್ಸಿಲ್ಲಿಗೆ ಹೋದೆವು.

ಹಾಲ್ ತುಂಬ ಜನ. ಸೀರೆ, ಪೇಟ, ಸೂಟು, ಕೈಗೂಸುಗಳು. ಪ್ರತಿಜ್ಞೆ ಮಾಡುವವರಿಗೆ ಮುಂದಿನ ಸಾಲು, ನಮಗೆ ಹಿಂದೆ. ಅವಳ ಕುತ್ತಿಗೆ ಮಾತ್ರ ಕಾಣುತ್ತಿತ್ತು. ಸ್ವಾಗತ ಭಾಷಣ ಆಯಿತು. ಎಲ್ಲರೂ ಎದ್ದು ನಿಲ್ಲಿ ಎಂದರು. ಎದ್ದರು. ಇವಳೂ ಎದ್ದಳು — ಎದ್ದವಳು ಪಕ್ಕದ ಅಜ್ಜಿಗೆ ಏನೋ ಹೇಳಿ, ಮೊಣಕಾಲುಗಳನ್ನು ದಾಟಿಕೊಂಡು, ನಡುವಿನ ದಾರಿಗೆ ಬಂದು, ಹೊರಗೆ ನಡೆದುಬಿಟ್ಟಳು. ನನ್ನ ಬೆನ್ನ ಹಿಂದೆ ಇಡೀ ಹಾಲ್ ಪ್ರತಿಜ್ಞೆ ಹೇಳುತ್ತಿತ್ತು, ನಾನು ಬಾಗಿಲ ಕಡೆ ಓಡುತ್ತಿದ್ದೆ.

ಹೊರಗೆ ಫುಟ್‌ಪಾತಿನ ಅಂಚಿಗೆ ಕುಳಿತಿದ್ದಳು. ಕಾಲು ಅಲುಗಾಡುತ್ತಿರಲಿಲ್ಲ.

"ನನ್ನ ಮ್ಯಾಲಿನ ಸಿಟ್ಟಿಗೆ ಹಿಂಗ ಮಾಡಬ್ಯಾಡವಾ," ಅಂದೆ.

"ಸಿಟ್ಟು ಇದೆ. ತುಂಬಾ ಇದೆ. ಇನ್ನೂ ಸ್ವಲ್ಪ ದಿನ ಇರುತ್ತೆ." ಆಮೇಲೆ, "ಬಟ್ ನಿನ್ನೆ ಎಲ್ಲಾ ಅದನ್ನೇ ಥಿಂಕ್ ಮಾಡಿದೆ. ಯೂ ವಾಂಟೆಡ್ ಇಟ್, ನೀನು ಹೋಗಿ ತಗೊಂಡೆ. ಯಾರಾದರೂ ಕೊಡ್ತಾರೆ ಅಂತ ಕಾಯಲಿಲ್ಲ. ನನಗೆ ಇಲ್ಲಿಯ ಕ್ಯಾಂಪ್ ಬೇಡ ಅವ್ವಾ. ಅವರು ಕರೆದ್ರು ಅಂತ ಹೂಂ ಅಂದಿದ್ದೆ, ಅಷ್ಟೇ. ನನಗೆ ಅಲ್ಲಿ ಆಡಬೇಕು."

"ಅವರು ಕರೀದಿದ್ರ?"

"ಕರೀದೇ ಇರಬಹುದು."

ಪಕ್ಕದಲ್ಲಿ ಕುಳಿತೆ. ಸೀರೆಗೆ ಮಣ್ಣಾಯಿತು. ಒಳಗಿಂದ ಚಪ್ಪಾಳೆ ಕೇಳಿಸಿತು. ನನಗೆ ಭಯವಾಗಬೇಕಿತ್ತು. ಆಯಿತು ಕೂಡ. ಆದರೂ ಎಷ್ಟೋ ದಿನಗಳ ಮೇಲೆ ಉಸಿರು ಹೊಟ್ಟೆಯವರೆಗೆ ಇಳಿಯಿತು.

ಮಾರ್ಚ್ 16, ಭಾನುವಾರ. ಗಿರಾವೀನ್

ವಿಜಯ ಎರಡು ದಿನ ಸರಿಯಾಗಿ ಮಾತಾಡಲಿಲ್ಲ. ಇಂದು ಚಹಾ ಕುಡಿಯುವಾಗ, "ಯಾಕ ಹೇಳಿದಿ? ಇಷ್ಟ ವರ್ಷ ಹೊತ್ತಿದ್ದೆ, ಇನ್ನೂ ಹೊರತಿದ್ದೆ," ಅಂದರು.

"ನಿಮಗ ಭಾರ ಆಗಿರಲಿಲ್ಲೇನು?"

ಕಪ್ಪು ಕೆಳಗಿಟ್ಟರು.

"ಆಗಿತ್ತು," ಅಂದರು.

ಏಪ್ರಿಲ್ 20, ಭಾನುವಾರ

ಸೀಸನ್ ಮುಗಿಯಿತು. ಎರಡು ಗೋಲು, ಎರಡೂ ಕೊನೆಯ ಮೂರು ಪಂದ್ಯಗಳಲ್ಲಿ. ಕ್ಲಬ್ ಅವಳ ಕರಾರು ಮುಂದುವರಿಸಲಿಲ್ಲ. ಆಸ್ಟ್ರೇಲಿಯಾ ಕ್ಯಾಂಪ್ ಇವಳಿಲ್ಲದೆ ಆಯಿತು. ಹಾಲೆಂಡಿನಿಂದ ಸುದ್ದಿಯಿಲ್ಲ.

ದಿನಕ್ಕೆ ಹತ್ತು ಸಲ ಫೋನ್ ನೋಡುತ್ತೇನೆ. ಅವಳು ನನಗೆ ಬರೆಯುವುದು ವಾರಕ್ಕೆ ಒಂದೇ ಸಲ. ಅಪ್ಪನಿಗೆ ದಿನಾ. ಇರಲಿ.

ಜೂನ್ 22, ಭಾನುವಾರ

ಹಾಲೆಂಡಿನ ಒಂದು ಸಣ್ಣ ಕ್ಲಬ್ಬಿನಲ್ಲಿ ಜಾಗ ಸಿಕ್ಕಿದೆ. ಎರಡನೆಯ ದರ್ಜೆ. ಒಂದು ವರ್ಷದ ಕರಾರು, ಒಂದು ಕೋಣೆ, ಒಂದು ಸೈಕಲ್. ವಾರಕ್ಕೆ ಮೂರು ದಿನ ಕ್ಲಬ್ಬಿನ ಕ್ಯಾಂಟೀನಿನಲ್ಲಿ ಕೆಲಸ. ಅವಳೇ ಹತ್ತಾರು ಕಡೆ ಬರೆದು ಹುಡುಕಿಕೊಂಡದ್ದು. ರಾಷ್ಟ್ರೀಯ ತಂಡ ಅಲ್ಲಿಂದ ಎಷ್ಟು ದೂರವೋ, ನನಗೆ ಗೊತ್ತಿಲ್ಲ. ಅವಳಿಗೂ ಗೊತ್ತಿಲ್ಲ.

ಇಂದು ನನಗೇ ಫೋನ್ ಮಾಡಿದಳು. "ಅವ್ವಾ, ರೊಟ್ಟಿ ಎಷ್ಟು ದಿನ ಇಡಬಹುದು? ಕಟಕ ರೊಟ್ಟಿ, ಬ್ಯಾಗಲ್ಲಿ?"

"ಎರಡು ತಿಂಗಳು ಏನಾಗೂದಿಲ್ಲ."

"ಹಂಗಾದ್ರ ಜಾಸ್ತಿ ಮಾಡು."

ಧಾರವಾಡದ "ಹಂಗಾದ್ರ." ಬಹಳ ದಿನವಾಗಿತ್ತು ಕೇಳಿ.

ಸೆಪ್ಟೆಂಬರ್ 14, ಭಾನುವಾರ. ಸಂಜೆ

ಮೊದಲ ಪಂದ್ಯ. ಅಲ್ಲಿ ಇನ್ನೂ ಬೆಳಗು. ಕ್ಲಬ್ಬಿನವರು ಕ್ಯಾಮೆರಾ ಇಟ್ಟು ತೋರಿಸುತ್ತಿದ್ದಾರೆ, ಗಾಳಿಗೆ ಚಿತ್ರ ಅಲ್ಲಾಡುತ್ತದೆ. ಕಾಮೆಂಟರಿ ಡಚ್‌ನಲ್ಲಿ. ವಿಜಯ ಎಲ್ಲ ಮರೆತಿದ್ದಾರೆ, ನಾನು ಹೇಳುತ್ತಿದ್ದೇನೆ.

ಅರ್ಧ ಮುಗಿಯಿತು. ಒಂದು ಗೋಲು ಹಿಂದೆ. ಇವಳು ಬೆಂಚಿನಲ್ಲಿ. ಸುಮ್ಮನೆ ಕೂರಲಾಗದೆ ಬರೆಯುತ್ತಿದ್ದೇನೆ. ವಿಜಯ ಸೋಫಾದಿಂದ ಕಿಟಕಿಗೆ, ಕಿಟಕಿಯಿಂದ ಸೋಫಾಕ್ಕೆ.

ಅರವತ್ತೊಂದನೆಯ ನಿಮಿಷ. ಜಾಕೆಟ್ ತೆಗೆದಳು. ಕೋಚ್ ಹೆಗಲ ಮೇಲೆ ಕೈಯಿಟ್ಟು ಏನೋ ಹೇಳುತ್ತಿದ್ದಾರೆ. ತಲೆಯಾಡಿಸುತ್ತಿದ್ದಾಳೆ, ಕೇಳುತ್ತಿಲ್ಲ — ನನಗೆ ಗೊತ್ತು, ಅವಳ ಕಣ್ಣು ಚೆಂಡಿನ ಮೇಲಿದೆ. ಹೆಸರು ಕರೆದರು. "ಸಾಂಬಾವಿ" ಅಂದರು. ಅನ್ನಲಿ.

ಒಳಗೆ ಬಂದಳು. ಎಡಗಡೆ. ನಡುವಿನಿಂದ ಉದ್ದ ಪಾಸ್, ಓಡಿದಳು, ಸಿಕ್ಕಿತು, ಒಬ್ಬಳನ್ನು ದಾಟಿದಳು. ವಿಜಯ ಎದ್ದು ಟಿವಿಯ ಮುಂದೆಯೇ ನಿಂತುಬಿಟ್ಟರು. ರೀ, ಸ್ವಲ್ಪ ಸರೀರಿ, ನನಗ ಕಾಣವಲ್ದು—