ಎರಡನೇ ಸಲದ ಹೂವು

ಫೆ. 11, ಬುಧವಾರ. ಕಿಕ್ಕೇರಿ

ಬ್ಯಾಟರಿ ಚಾರ್ಜು, ಇಡ್ಲಿ, ಜಗಳ — ಎಂದಿನಂತೆ. ನಾಗೇಂದ್ರ ಕ್ಯಾಮೆರಾ ಹಿಡಿಯುತ್ತಾನೆ, ಬೈಗುಳ ನಾನು ತಿನ್ನುತ್ತೇನೆ. ಈ ಎಪಿಸೋಡ್ ಓಡದಿದ್ದರೆ ಡಾಕ್ಯುಮೆಂಟರಿ ವಿಭಾಗವನ್ನೇ ಮುಚ್ಚುತ್ತಾರಂತೆ. ಚಾನೆಲ್ಲಿನ ಕಿಶನ್ ನಗುತ್ತಲೇ ಹೇಳಿದ. ಇಷ್ಟು ವರ್ಷದ ಕೆಲಸ...

ಎಪಿಸೋಡ್ ಈ ಊರಿನ ದ್ಯಾವಮ್ಮನದು; ಅವರ ಹೃದಯದ ವಾಲ್ವು ಹಾಳಾಗಿದೆ. ಆಪರೇಷನ್ ಮಾಡಿಸಲೋ ಬೇಡವೋ ಎಂದು ಇವತ್ತು ಊರಮ್ಮನ ಗುಡಿಯಲ್ಲಿ ಹೂವು ಕೇಳಿದರು. ದೇವಿಯ ಬಲಗಡೆಯಿಂದ ಬಿದ್ದರೆ ಒಪ್ಪಿಗೆ, ಎಡಗಡೆಯಾದರೆ ಬೇಡ. ಬಲಗಡೆಯೇ ಆಯಿತು! ಮಗ ದೇವರಾಜು ಅತ್ತೇಬಿಟ್ಟ.

ನಾಗೇಂದ್ರ ನನ್ನ ಮುಖ ನೋಡಿದ. ಫೋಕಸ್ ತಪ್ಪಿತ್ತು.

"ಒನ್ ಮೋರ್," ಎಂದೆ. ಬಾಯಿಗೆ ರೂಢಿ.

ಪೂಜಾರಿ ಚಲುವಯ್ಯ ಹಿಂಜರಿದರು. "ಎಲ್ಡ್ ಸತಿ ಕೇಳಾಂಗಿಲ್ಲ ಕಣವ್ವ."

"ಬರೀ ಟಿವಿಗೆ ಸ್ವಾಮಿ."

ಮತ್ತೆ ಹೂವಿಟ್ಟರು. ಎಡಗಡೆ ಬಿತ್ತು. ಫೋಕಸ್ ಮಾತ್ರ ಕಣ್ಣಿಗೆ ಒತ್ತಿಕೊಳ್ಳುವಂತಿತ್ತು.

ಅದೇ ದಿನ, ಸಂಜೆ

ಎಡಗಡೆ ಬಿದ್ದ ಕ್ಲಿಪ್ಪನ್ನೇ ಚಾನೆಲ್ಲಿಗೆ ಕಳಿಸಿದೆ. ಕಿಶನ್: "ಚಿನ್ನ ಕಣ್ರೀ ಇದು!" ಖುಷಿಯಾಯಿತು. ಸುಳ್ಳೇಕೆ ಬರೆಯಲಿ.

ಆಮೇಲೆ ದೇವರಾಜು ಫೋನ್. "ಅವ್ವ ಆಸ್ಪತ್ರೆಗೆ ಬರಾಕಿಲ್ಲ ಅಂತಾವ್ಳೆ ಮೇಡಂ. ಎಡಗಡೆ ಆಗ್ಬುಡ್ತಲ್ಲ ಅಂತ."

ಫೆ. 14

ದ್ಯಾವಮ್ಮನನ್ನು ಬೇಡಿ ಸಾಕಾಯಿತು, ಕಾಲು ಹಿಡಿಯುವುದೊಂದು ಬಾಕಿ. ಡಾಕ್ಟರು ತಡ ಮಾಡಬೇಡಿ ಎನ್ನುತ್ತಿದ್ದಾರೆ. ಮೊದಲನೆಯದೇ ದೇವಿಯ ಮಾತು ಎಂದು ಚಲುವಯ್ಯ ಹೇಳಿದರೂ ದ್ಯಾವಮ್ಮ ಜಪ್ಪಯ್ಯ ಎನ್ನಲಿಲ್ಲ. ಕೊನೆಗೆ ನನ್ನ ಕೈ ಹಿಡಿದರು.

"ಆ ಎಡಗಡೆ ಹೂವ ನನ್ ಮುಂದೇನೇ ಅಳಿಸ್ಬುಡವ್ವ. ಆಗ ಓಯ್ತೀನಿ."

ಅಳಿಸಿದೆ. ಕ್ಯಾಮೆರಾದ ಪುಟ್ಟ ಪರದೆಯನ್ನು ಬೆರಳಿಂದ ಮುಟ್ಟಿ ನೋಡಿದರು. "ಇನ್ನೆಲ್ಲೂ ಇಲ್ಲ ತಾನೆ?"

"ಎಲ್ಲೂ ಇಲ್ಲ."

ಕಾರು ಹತ್ತಿದವಳೇ ಕಿಶನ್‌ಗೆ ಫೋನ್ ಮಾಡಿ ಬೇಡಿಕೊಂಡೆ — ಕಳಿಸಿದ ಆ ಕ್ಲಿಪ್ ಬಳಸಬೇಡಿ. "ನೋಡೋಣ," ಎಂದ. ಅವನ ನೋಡೋಣ ನನಗೆ ಗೊತ್ತು.

ಫೆ. 19. ಮೈಸೂರು, ಆಸ್ಪತ್ರೆ

ನಾಳೆ ಬೆಳಿಗ್ಗೆ ಆಪರೇಷನ್. ದ್ಯಾವಮ್ಮ ನನ್ನನ್ನು ಮಂಚದ ಪಕ್ಕದಲ್ಲೇ ಕೂರಿಸಿಕೊಂಡಿದ್ದಾರೆ. ಮಗಳಿದ್ದಂಗೆ ಎಂದು ನರ್ಸಿಗೆ ಹೇಳಿದರು. ಕಿಶನ್ ಫೋನ್ ಎತ್ತುತ್ತಿಲ್ಲ. ಭಯವಾಗುತ್ತಿದೆ. ಮತ್ತೆ ಮತ್ತೆ ಫೋನ್ ನೋಡದಿರಲೆಂದು ಬರೆಯುತ್ತಿದ್ದೇನೆ.

ಬಾಗಿಲಲ್ಲಿ ದೇವರಾಜು. ಕೈಯಲ್ಲಿ ಮೊಬೈಲು, ಮುಖವೆಲ್ಲ ನಗು.

"ಅವ್ವ, ಟಿವೀಲಿ ಬಂದ್ಬುಟ್ಟೆ ಕಣವ್ವ! ಪ್ರೋಮೋ ಅಂತೆ, ಈಗ್ತಾನೆ ಯಾರೋ ಕಳ್ಸವ್ರೆ, ನೋಡಿಲ್ಲಿ!"

ದ್ಯಾವಮ್ಮ ಎದ್ದು ಕೂರುತ್ತಿದ್ದಾರೆ. "ನನ್ ಕನ್ನಡಕ ಎಲ್ಲವ್ವ?" — ನನ್ನನ್ನೇ ಕೇಳುತ್ತಿದ್ದಾರೆ. ಇಲ್ಲೇ ಇದೆ, ನನ್ನ ಕೈ ಕೆಳಗೆ. ನಾನು —